ಗೆರೆ ಬೀಳದ ಪುಟಗಳು

ನಮ್ಮ ದೊಡ್ಡಪ್ಪ ತಿಪಟೂರಿನಲ್ಲಿ ವಕೀಲರಾಗಿದ್ದರು. ಅವರ ಹತ್ತಿರ ಬರುತ್ತಿದ್ದದ್ದು ಸಿವಿಲ್ ಕೇಸುಗಳೇ ಜಾಸ್ತಿ. ತೆಂಗಿನ ತೋಟದ ಬದುವಿನ ಜಗಳ, ಅಣ್ಣತಮ್ಮಂದಿರ ಪಾಲು, ಕೊಬ್ಬರಿ ಮಂಡಿಯ ಬಾಕಿ ವಸೂಲಿ. ಮನೆಯ ಮುಂದಿನ ಹಜಾರವೇ ಆಫೀಸು. ಮೂರು ಗೋಡೆಗೂ ಗಾಜಿನ ಬೀರು, ಬೀರು ತುಂಬ ಎಐಆರ್ ಸಂಪುಟಗಳು. ಕೋರ್ಟು ತೀರ್ಪುಗಳನ್ನು ವರ್ಷವಾರು ಅಚ್ಚು ಹಾಕುವ ಆಲ್ ಇಂಡಿಯಾ ರಿಪೋರ್ಟರ್ ಅದು. ಬೇಸಿಗೆ ರಜೆಗೆ ಹೋದಾಗ ಅವುಗಳ ಧೂಳು ಹೊಡೆಯುವ ಕೆಲಸ ನನ್ನದು.

ದೊಡ್ಡಪ್ಪ ತೀರಿಕೊಂಡ ಮೇಲೆ ಮನೆ ಖಾಲಿ ಮಾಡಬೇಕಾಯಿತು. ಊರಿನ ಹೊಸ ವಕೀಲರನ್ನು ಕೇಳಿದೆವು. "ಈಗೆಲ್ಲಾ ಕಂಪ್ಯೂಟರ್‌ನಲ್ಲೇ ಸಿಗುತ್ತೆ ಸಾರ್, ಇಡೋಕೆ ಜಾಗ ಎಲ್ಲಿದೆ" ಅಂದರು. ಕೊನೆಗೆ ರದ್ದಿಯವರು ಬಂದು ಹಜಾರದಲ್ಲೇ ತಕ್ಕಡಿ ಇಟ್ಟರು. ದೊಡ್ಡಮ್ಮ ಒಳಗೆ ಅಡುಗೆಮನೆಯಲ್ಲೇ ಕೂತಿದ್ದರು, ಹೊರಗೆ ಬರಲಿಲ್ಲ. ನಾನು ಒಂದೇ ಒಂದು ಸಂಪುಟ ಎತ್ತಿಟ್ಟುಕೊಂಡೆ. 1950ರ ಸುಪ್ರೀಂ ಕೋರ್ಟ್ ಸಂಪುಟ. ಸುಪ್ರೀಂ ಕೋರ್ಟಿನ ಮೊದಲ ವರ್ಷ ಅಲ್ವಾ, ನೆನಪಿಗೆ ಇರಲಿ ಅಂತ.

ಆ ಸಂಪುಟ ದೊಡ್ಡಪ್ಪನಿಗೆ ಅವರ ಸೀನಿಯರ್ ಕೊಟ್ಟದ್ದು. ಹಾಗಾಗಿ ಅದರೊಳಗೆ ಇಬ್ಬರ ಕೈ ಇದೆ. ಸೀನಿಯರ್ ಬಳಸಿದ್ದು ಒಂದು ತುದಿ ಕೆಂಪು, ಇನ್ನೊಂದು ತುದಿ ನೀಲಿ ಇರುವ ಪೆನ್ಸಿಲ್. ದೊಡ್ಡಪ್ಪನದು ಇಂಕ್ ಪೆನ್ನು, ಅಂಚಿನಲ್ಲಿ ಇರುವೆ ಸಾಲಿನಂಥ ಕನ್ನಡ ಅಕ್ಷರ. ನಾನು ವಕೀಲನಲ್ಲ. ಬ್ಯಾಂಕಿನಲ್ಲಿ ಕೆಲಸ ಮಾಡುವವನು. ಆದರೂ ಒಂದು ಭಾನುವಾರ ಮಧ್ಯಾಹ್ನ ಸುಮ್ನೆ ಅದನ್ನು ತೆರೆದು ಕೂತೆ. 27ನೇ ಪುಟದಿಂದ ಒಂದು ಉದ್ದನೆಯ ತೀರ್ಪು ಶುರುವಾಗುತ್ತದೆ. ಎ.ಕೆ. ಗೋಪಾಲನ್ ವಿರುದ್ಧ ಮದ್ರಾಸ್ ಸರ್ಕಾರ. ಮುಖ್ಯ ನ್ಯಾಯಮೂರ್ತಿ ಕಾನಿಯಾ ಅವರ ತೀರ್ಪಿನ ತುಂಬ ಕೆಂಪು ಗೆರೆ, ನೀಲಿ ಗೆರೆ, ಇಂಕಿನ ಟಿಪ್ಪಣಿ. ಪತಂಜಲಿ ಶಾಸ್ತ್ರಿ ಅವರ ತೀರ್ಪಿನಲ್ಲೂ ಹಾಗೇ. ಮಧ್ಯದಲ್ಲಿ ಮಾತ್ರ ಪುಟದ ಮೇಲೆ ಪುಟ ಏನೂ ಇಲ್ಲ. ಬೆರಳಿನ ಮಾಸಲು ಗುರುತೂ ಇಲ್ಲ. ಅದು ನ್ಯಾಯಮೂರ್ತಿ ಫಜಲ್ ಅಲಿ ಅವರ ಭಿನ್ನ ತೀರ್ಪು.

ಅರ್ಥವಾಗುವ ಮಾತೇ. ವಕೀಲರಿಗೆ ಬೇಕಾದದ್ದು ನಾಳೆ ಕೋರ್ಟಿನಲ್ಲಿ ನಿಲ್ಲುವ ಮಾತು. ಹೆಚ್ಚು ನ್ಯಾಯಾಧೀಶರು ಒಪ್ಪಿದ್ದೇ ಕಾನೂನು. ಒಪ್ಪದವರು ಎಷ್ಟೇ ಚೆನ್ನಾಗಿ ಬರೆದಿದ್ದರೂ ಅದನ್ನು ಹಿಡಿದುಕೊಂಡು ಹೋದರೆ ಕೇಸು ಗೆಲ್ಲುವುದಿಲ್ಲ. ದೊಡ್ಡಪ್ಪನೇ ಒಮ್ಮೆ ನನಗೆ ಹೇಳಿದ್ದರು, "ಸೋತೋರ ಮಾತು ಓದಿ ಏನ್ ಮಾಡ್ತೀಯ ಮಗ, ಜಡ್ಜು ಕೇಳೋದು ಗೆದ್ದೋರ ಮಾತು." ಅವರ ವೃತ್ತಿಗೆ ಅದು ಸರಿಯಾದ ಬುದ್ಧಿವಾದ. ಆದರೆ ಆ ಖಾಲಿ ಪುಟಗಳು ನನ್ನನ್ನು ಹಿಡಿದುಕೊಂಡವು. ಅಲ್ಲಿಂದ ಮುಂದೆ ಹತ್ತು ಹನ್ನೆರಡು ವರ್ಷ ನಾನು ಸಂವಿಧಾನದ ಬಗ್ಗೆ ಓದಿದ್ದೆಲ್ಲ ಹೆಚ್ಚುಕಡಿಮೆ ಆ ಪುಟಗಳಿಂದಲೇ ಹೊರಟದ್ದು.

ಫಜಲ್ ಅಲಿ ಅನ್ನುವ ಹೆಸರು ನಮಗೆ ಹೊಸದಲ್ಲ. ರಾಜ್ಯ ಪುನರ್ವಿಂಗಡಣಾ ಆಯೋಗ ಅಂದ ತಕ್ಷಣ ಬಾಯಿಗೆ ಬರುವುದು ಅದೇ ಹೆಸರು. 1953ರಲ್ಲಿ ರಚನೆಯಾದ ಆ ಆಯೋಗದ ಅಧ್ಯಕ್ಷರು ಅವರೇ. ಅವರ ವರದಿಯ ಬೆನ್ನಲ್ಲೇ 1956ರ ನವೆಂಬರ್ 1ರಂದು ಹರಿದು ಹಂಚಿಹೋಗಿದ್ದ ಕನ್ನಡ ನಾಡು ಒಂದಾಯಿತು, ಕಾಸರಗೋಡು ಕೇರಳಕ್ಕೆ ಹೋಯಿತು. ಶಾಲೆಯಲ್ಲಿ ನಾವು ಅವರನ್ನು ಓದಿದ್ದು ಅಷ್ಟೇ. ಅದೇ ಮನುಷ್ಯ ಆರು ವರ್ಷ ಮೊದಲು ಸುಪ್ರೀಂ ಕೋರ್ಟಿನಲ್ಲಿ ಕೂತು, ಜೊತೆಯವರ ಮಾತಿಗೆ ಒಪ್ಪದೆ ಬರೆದ ತೀರ್ಪು ನನ್ನ ಕೈಯಲ್ಲಿತ್ತು.

ಕೇಸು ಇಷ್ಟು. ಗೋಪಾಲನ್ ಮಲಬಾರಿನ ಕಮ್ಯುನಿಸ್ಟ್ ನಾಯಕ. 1947ರ ಡಿಸೆಂಬರಿನಿಂದ ಒಂದಲ್ಲ ಒಂದು ಆದೇಶದ ಮೇಲೆ ಜೈಲಿನಲ್ಲೇ ಇದ್ದವರು. ಸಂವಿಧಾನ ಜಾರಿಗೆ ಬಂದ ಮೇಲೆ, 1950ರಲ್ಲಿ, ಹೊಸದಾಗಿ ಬಂದ ಮುನ್ನೆಚ್ಚರಿಕೆ ಬಂಧನ ಕಾಯ್ದೆಯಡಿ ಇನ್ನೊಂದು ಆದೇಶ ಹೊರಟಿತು. ಅವರು ನೇರವಾಗಿ ಸುಪ್ರೀಂ ಕೋರ್ಟಿಗೆ ಹೋದರು. 21ನೇ ವಿಧಿ ಏನು ಹೇಳುತ್ತದೆ? ಕಾನೂನು ಗೊತ್ತು ಮಾಡಿದ ಕ್ರಮದ ಪ್ರಕಾರವಲ್ಲದೆ ಯಾರ ಜೀವವನ್ನೂ ಸ್ವಾತಂತ್ರ್ಯವನ್ನೂ ಕಿತ್ತುಕೊಳ್ಳುವಂತಿಲ್ಲ. ಹಾಗಾದರೆ ಆ ಕ್ರಮ ನ್ಯಾಯವಾದದ್ದಾಗಿರಬೇಕಾ, ಅಥವಾ ಶಾಸನಸಭೆ ಪಾಸು ಮಾಡಿದ್ದರೆ ಸಾಕಾ? ಪಾಸು ಮಾಡಿದ್ದರೆ ಸಾಕು ಅಂದರು ಹೆಚ್ಚಿನವರು. ಫಜಲ್ ಅಲಿ ಹಾಗನ್ನಲಿಲ್ಲ. ಕ್ರಮ ಅಂದ ಮೇಲೆ ಅದರೊಳಗೆ ನೋಟಿಸ್ ಕೊಡಬೇಕು, ಮಾತಾಡಲು ಅವಕಾಶ ಕೊಡಬೇಕು, ಪಕ್ಷಪಾತವಿಲ್ಲದವರು ಕೇಳಬೇಕು ಅನ್ನುವುದೆಲ್ಲ ಸೇರಿಯೇ ಇರುತ್ತದೆ ಅಂತ ಬರೆದರು. ಮೂಲಭೂತ ಹಕ್ಕುಗಳು ಒಂದರೊಳಗೊಂದು ಹೆಣೆದುಕೊಂಡಿವೆ, ಬೇರೆ ಬೇರೆ ಡಬ್ಬದಲ್ಲಿ ಮುಚ್ಚಿಟ್ಟಂತೆ ಓದಬಾರದು ಅಂದರು. ತೀರ್ಪು ಬಂದದ್ದು 1950ರ ಮೇ 19ಕ್ಕೆ. ಸಂವಿಧಾನಕ್ಕೆ ಆಗ ನಾಲ್ಕು ತಿಂಗಳೂ ತುಂಬಿರಲಿಲ್ಲ.

ಕಾನಿಯಾ ಅವರ ತೀರ್ಪಿನಲ್ಲಿ ದೊಡ್ಡಪ್ಪ ಗೆರೆ ಎಳೆದ ಒಂದು ಜಾಗವಿದೆ. ಸಂವಿಧಾನ ರಚನಾ ಸಭೆ ಬೇಕೆಂದೇ "ಡ್ಯೂ ಪ್ರೊಸೆಸ್", ಅಂದರೆ ಕ್ರಮ ನ್ಯಾಯವಾದದ್ದೇ ಆಗಿರಬೇಕು ಅನ್ನುವ ಮಾತನ್ನು ಬಿಟ್ಟಿತು ಅನ್ನುವ ವಾದ ಅಲ್ಲಿ ಬರುತ್ತದೆ. ಪಕ್ಕದಲ್ಲಿ ಇಂಕಿನಲ್ಲಿ "ಯಾಕೆ?" ಅಂತ ಬರೆದಿದ್ದಾರೆ. ಅಷ್ಟೇ, ಒಂದೇ ಪದ. ಉತ್ತರ ಬರೆದಿಲ್ಲ. ಕೊಬ್ಬರಿ ಮಂಡಿ ಕೇಸುಗಳ ನಡುವೆ ಅದನ್ನು ಹುಡುಕಲು ಅವರಿಗೆ ಪುರಸೊತ್ತು ಎಲ್ಲಿತ್ತು.

ಆ "ಯಾಕೆ"ಗೆ ಉತ್ತರ ಹುಡುಕಲು ನಾನು ಮೊದಲು ಹಿಡಿದದ್ದು ಗ್ರಾನ್‌ವಿಲ್ ಆಸ್ಟಿನ್ ಅವರ ಪುಸ್ತಕ. ಅಮೆರಿಕದವರು, ನಮ್ಮ ಸಂವಿಧಾನ ಹೇಗೆ ಹುಟ್ಟಿತು ಅಂತ 1966ರಲ್ಲೇ ಪುಸ್ತಕ ಬರೆದರು. ಆಮೇಲೆ 1999ರಲ್ಲಿ ಅದು ಹೇಗೆ ನಡೆಯಿತು ಅಂತ ಇನ್ನೊಂದು ದಪ್ಪ ಪುಸ್ತಕ ಬಂತು. ಮೊದಲನೆಯದನ್ನು ಕೈಗೆತ್ತಿಕೊಂಡರೆ ಬಿಡಲಾಗುವುದಿಲ್ಲ. ಕಥೆಯ ಹಾಗೆ ಹೋಗುತ್ತದೆ, ಯಾರು ಎಲ್ಲಿ ಕೂತಿದ್ದರು, ಯಾರು ಯಾರ ಮನವೊಲಿಸಿದರು ಅಂತ. ಆದರೆ ಆಸ್ಟಿನ್‌ಗೆ ಒಮ್ಮತದ ಮೇಲೆ ಬಹಳ ಪ್ರೀತಿ. ಇಷ್ಟು ಜನ ಕೂಡಿ ಒಂದು ತೀರ್ಮಾನಕ್ಕೆ ಬಂದರಲ್ಲಾ ಅನ್ನುವ ಬೆರಗು ಪುಸ್ತಕದ ತುಂಬ ಇದೆ. ಆ ಬೆರಗು ನನಗೂ ಇದೆ. ಆದರೂ ಓದಿ ಮುಗಿಸಿದಾಗ ಒಂದು ಕೊರತೆ ಅನ್ನಿಸಿತು. ಒಮ್ಮತಕ್ಕಾಗಿ ತಮ್ಮ ಮಾತನ್ನು ಬಿಟ್ಟುಕೊಟ್ಟವರು, ಬಿಡದೆ ಸೋತವರು, ಅವರ ದನಿ ಅಲ್ಲಿ ಚೂರುಚೂರಾಗಿ ಮಾತ್ರ ಕೇಳಿಸುತ್ತದೆ.

ಅವರ ದನಿ ಪೂರ್ತಿ ಕೇಳಬೇಕಾದರೆ ಸಭೆಯ ಚರ್ಚೆಗಳನ್ನೇ ಓದಬೇಕು. 12 ಸಂಪುಟ. 1946ರ ಡಿಸೆಂಬರ್ 9ರಿಂದ 1950ರ ಜನವರಿ 24ರ ತನಕ ಅಲ್ಲಿ ಆಡಿದ ಒಂದೊಂದು ಮಾತೂ ಇದೆ. ಸಂವಿಧಾನದ ಕರಡಿಗೆ ಬಂದ ತಿದ್ದುಪಡಿ ಸೂಚನೆಗಳು 7,635. ಅದರಲ್ಲಿ ಸಭೆಯ ಮುಂದೆ ಮಂಡನೆಯಾದದ್ದು 2,473. ಓದುತ್ತಾ ಹೋದ ಹಾಗೆ ಒಂದು ಸಾಲು ಮತ್ತೆ ಮತ್ತೆ ಕಣ್ಣಿಗೆ ಬೀಳುತ್ತದೆ: ತಿದ್ದುಪಡಿ ತಿರಸ್ಕೃತವಾಯಿತು. ಒಬ್ಬರು ಅರ್ಧ ಗಂಟೆ ಎದೆ ತುಂಬಿ ಮಾತಾಡಿರುತ್ತಾರೆ, ಕೆಳಗೆ ಈ ಒಂದು ಸಾಲು. ಮುಂದಿನ ವಿಧಿ ಶುರು.

ಮೊದಮೊದಲು ಆ ಸಾಲು ಬಂದಾಗ ಪುಟ ತಿರುಗಿಸಿಬಿಡುತ್ತಿದ್ದೆ. ಸಂವಿಧಾನದೊಳಗೆ ಬಾರದ ಮಾತನ್ನು ಓದಿ ಏನು ಮಾಡಲಿ ಅಂತ. ನಾನೂ ದೊಡ್ಡಪ್ಪನ ಹಾಗೆಯೇ ಓದುತ್ತಿದ್ದೆ.

21ನೇ ವಿಧಿ ಆಗ ಕರಡಿನಲ್ಲಿ 15ನೇ ವಿಧಿ. ಅದರ ಕಥೆ ಮಂಗಳೂರಿನಿಂದ ಶುರುವಾಗುತ್ತದೆ ಅಂತ ನಾನು ಎಣಿಸಿರಲಿಲ್ಲ. ಬೆನಗಲ್ ನರಸಿಂಗ ರಾವ್, ಅಂದರೆ ಬಿ.ಎನ್. ರಾವ್, 1887ರಲ್ಲಿ ಹುಟ್ಟಿದ್ದು ಮಂಗಳೂರಿನಲ್ಲಿ. ಕೆನರಾ ಹೈಸ್ಕೂಲಿನಲ್ಲಿ ಓದಿ, ಮದ್ರಾಸು, ಕೇಂಬ್ರಿಜ್ ನೋಡಿ, ಐಸಿಎಸ್ ಮಾಡಿ, ಕಲ್ಕತ್ತಾ ಹೈಕೋರ್ಟಿನ ನ್ಯಾಯಾಧೀಶರಾಗಿದ್ದವರು. ಸಂವಿಧಾನ ರಚನಾ ಸಭೆಗೆ ಅವರು ಸಲಹೆಗಾರ. ಸದಸ್ಯರಲ್ಲ, ಸಭೆಯಲ್ಲಿ ಅವರಿಗೆ ಓಟಿಲ್ಲ. 1947ರ ಅಕ್ಟೋಬರಿನಲ್ಲಿ ಮೊದಲ ಕರಡು ಸಿದ್ಧ ಮಾಡಿಕೊಟ್ಟದ್ದು ಅವರೇ, 243 ವಿಧಿಗಳದ್ದು. ಕೊನೆಯಲ್ಲಿ, 1949ರ ನವೆಂಬರ್ 25ರ ಭಾಷಣದಲ್ಲಿ, ನನಗೆ ಕೊಡುತ್ತಿರುವ ಹೆಗ್ಗಳಿಕೆಯಲ್ಲಿ ಒಂದು ಪಾಲು ರಾವ್ ಅವರದು ಅಂತ ಅಂಬೇಡ್ಕರ್ ಬಾಯಿಬಿಟ್ಟು ಹೇಳಿದರು.

ರಾವ್ ಅವರ ತಮ್ಮ ಬಿ. ಶಿವರಾವ್ ಪತ್ರಕರ್ತರು, ರಚನಾ ಸಭೆಯ ಸದಸ್ಯರೂ ಹೌದು. ಆಮೇಲೆ ಅವರು ಮಾಡಿದ ಕೆಲಸ ದೊಡ್ಡದು. ಸಮಿತಿಗಳ ಟಿಪ್ಪಣಿ, ಪತ್ರ, ಕರಡುಗಳನ್ನೆಲ್ಲ ಕೂಡಿಸಿ ನಾಲ್ಕು ಸಂಪುಟ ದಾಖಲೆ, ಜೊತೆಗೆ ಅಧ್ಯಯನದ ಒಂದು ಸಂಪುಟ ತಂದರು. ಸಭೆಯ ಚರ್ಚೆಗಳಲ್ಲಿ ಕಾಣಿಸದ್ದು ಇಲ್ಲಿ ಕಾಣಿಸುತ್ತದೆ. ಬಾಗಿಲು ಹಾಕಿಕೊಂಡು ಕೂತ ಸಮಿತಿಗಳಲ್ಲಿ ಒಂದೊಂದು ಪದ ಹೇಗೆ ಬದಲಾಯಿತು ಅನ್ನುವುದು.

ಮೊದಲು ಇದ್ದದ್ದು "ಡ್ಯೂ ಪ್ರೊಸೆಸ್ ಆಫ್ ಲಾ". ಅಮೆರಿಕದ ಸಂವಿಧಾನದ ಮಾತು ಅದು. ರಾವ್ ತಮ್ಮ ಕರಡನ್ನು ಕೊಟ್ಟು ಅಮೆರಿಕ, ಕೆನಡಾ, ಐರ್ಲೆಂಡ್, ಇಂಗ್ಲೆಂಡುಗಳಿಗೆ ಹೋದರು. ಬೇರೆಯವರ ಅನುಭವ ಕೇಳಿ ಬರಲು. ಅಮೆರಿಕದ ಸುಪ್ರೀಂ ಕೋರ್ಟಿನ ನ್ಯಾಯಮೂರ್ತಿ ಫೆಲಿಕ್ಸ್ ಫ್ರಾಂಕ್‌ಫರ್ಟರ್ ಅವರಿಗೆ ಹೇಳಿದ್ದು ಒಂದೇ: ಈ ಮಾತನ್ನು ನಿಮ್ಮ ಸಂವಿಧಾನದಲ್ಲಿ ಇಡಬೇಡಿ. ಜನ ಆರಿಸಿದವರು ಮಾಡಿದ ಕಾನೂನನ್ನು ನಾಲ್ಕಾರು ನ್ಯಾಯಾಧೀಶರು ಹೊಡೆದುಹಾಕುವುದು ಪ್ರಜಾಪ್ರಭುತ್ವಕ್ಕೆ ಒಪ್ಪುವುದಿಲ್ಲ, ಕೋರ್ಟುಗಳ ಮೇಲೂ ಅದು ಹೊರಲಾರದ ಹೊರೆ.

ಫ್ರಾಂಕ್‌ಫರ್ಟರ್ ಅವರ ಈ ಭಯಕ್ಕೆ ಕಾರಣವಿತ್ತು. ನ್ಯೂಯಾರ್ಕಿನ ಬೇಕರಿ ಕೆಲಸಗಾರರನ್ನು ದಿನಕ್ಕೆ 10 ಗಂಟೆ, ವಾರಕ್ಕೆ 60 ಗಂಟೆಗಿಂತ ಜಾಸ್ತಿ ದುಡಿಸಬಾರದು ಅಂತ ಅಲ್ಲಿನ ರಾಜ್ಯ ಕಾನೂನು ಮಾಡಿತ್ತು. 1905ರಲ್ಲಿ ಸುಪ್ರೀಂ ಕೋರ್ಟು ಅದನ್ನು ಇದೇ ಡ್ಯೂ ಪ್ರೊಸೆಸ್ ಹೆಸರಿನಲ್ಲಿ ರದ್ದು ಮಾಡಿತು. ಐದು ಜನ ಈ ಕಡೆ, ನಾಲ್ಕು ಜನ ಆ ಕಡೆ. ಒಪ್ಪದವರಲ್ಲಿ ಒಬ್ಬರು ಆಲಿವರ್ ವೆಂಡೆಲ್ ಹೋಮ್ಸ್. ಫ್ರಾಂಕ್‌ಫರ್ಟರ್ ಅವರಿಗೆ ಹೋಮ್ಸ್ ಅಂದರೆ ಗುರುವಿನ ಸಮಾನ. 1937ರಲ್ಲಿ ಅಮೆರಿಕದ ಕೋರ್ಟು ತಾನೇ ದಾರಿ ಬದಲಿಸಿ ಹೋಮ್ಸ್ ನಿಂತಿದ್ದ ಕಡೆ ಬಂತು. ಇದು ಗೊತ್ತಾದಾಗ ನಾನು ಪುಸ್ತಕ ಕೆಳಗಿಟ್ಟು ಸ್ವಲ್ಪ ಹೊತ್ತು ಸುಮ್ಮನೆ ಕೂತೆ. ರಾವ್ ದೆಹಲಿಗೆ ಹೊತ್ತು ತಂದ ಸಲಹೆ, ನಮ್ಮ 21ನೇ ವಿಧಿಯನ್ನು ಬದಲಿಸಿದ ಸಲಹೆ, ಮೂಲದಲ್ಲಿ ಸೋತ ಒಬ್ಬ ನ್ಯಾಯಾಧೀಶನ ಮಾತು.

ನಮ್ಮಲ್ಲೂ ಆಗ ಜಮೀನ್ದಾರಿ ರದ್ದು ಮಾಡುವ ಕಾಲ. ಗೇಣಿದಾರರಿಗೆ ಭೂಮಿ ಕೊಡುವ ಕಾನೂನನ್ನು ಕೋರ್ಟು ಹೊಡೆದುಹಾಕಿದರೆ ಗತಿಯೇನು ಅನ್ನುವುದು ನಿಜವಾದ ಚಿಂತೆ. ದೇಶ ಒಡೆದ ಮೇಲಿನ ಗಲಭೆಯ ದಿನಗಳು ಬೇರೆ, ವಿಚಾರಣೆ ಇಲ್ಲದೆ ಬಂಧಿಸುವ ಅಧಿಕಾರ ಕೈಬಿಡಲು ಆಳುವವರು ತಯಾರಿರಲಿಲ್ಲ. 1948ರ ಫೆಬ್ರವರಿಯ ಕರಡು ಹೊರಬಂದಾಗ ಡ್ಯೂ ಪ್ರೊಸೆಸ್ ಹೋಗಿತ್ತು. ಬದಲಿಗೆ ಬಂದ ಮಾತು ಎಲ್ಲಿಯದು ಅಂತ ಕರಡಿನ ಅಡಿಟಿಪ್ಪಣಿಯಲ್ಲೇ ಬರೆದಿದೆ: ಜಪಾನಿನ 1946ರ ಸಂವಿಧಾನದ 31ನೇ ವಿಧಿ.

ಇದು ಸಭೆಯ ಮುಂದೆ ಬಂದದ್ದು 1948ರ ಡಿಸೆಂಬರ್ 6ಕ್ಕೆ. ಆ ದಿನದ ಚರ್ಚೆ ಓದಿದರೆ ಸಭೆಯಲ್ಲಿ ಮಾತಾಡಿದವರಲ್ಲಿ ಹೆಚ್ಚಿನವರು ಹಳೇ ಮಾತೇ ವಾಪಸು ಬರಲಿ ಅನ್ನುವವರು. ಖಾಜಿ ಸೈಯದ್ ಕರೀಮುದ್ದೀನ್ ತಿದ್ದುಪಡಿ ತಂದರು. ಪಂಡಿತ್ ಠಾಕೂರ್ ದಾಸ್ ಭಾರ್ಗವ ಬೆಂಬಲಕ್ಕೆ ನಿಂತರು. ಕೆ.ಎಂ. ಮುನ್ಶಿ ಕರಡು ಸಮಿತಿಯವರೇ ಆಗಿದ್ದೂ ಡ್ಯೂ ಪ್ರೊಸೆಸ್ ಪರವಾಗಿ ಮಾತಾಡಿದರು. ಎದುರು ನಿಂತವರು ಅಲ್ಲಾಡಿ ಕೃಷ್ಣಸ್ವಾಮಿ ಅಯ್ಯರ್. ಅಂಬೇಡ್ಕರ್ ಉತ್ತರ ಕೊಟ್ಟದ್ದು ಒಂದು ವಾರದ ನಂತರ, 13ರಂದು. ನನಗೆ ಆ ಭಾಷಣ ಬಹಳ ಇಷ್ಟ. ಗೆಲ್ಲುವ ಕಡೆ ನಿಂತವರ ಭಾಷಣದ ಹಾಗೆ ಅದು ಇಲ್ಲವೇ ಇಲ್ಲ. ಶಾಸನಸಭೆಯಲ್ಲಿ ಒಂದೇ ಪಕ್ಷದವರು ತುಂಬಿದ್ದರೆ ಅವರು ಕೆಟ್ಟ ಕಾನೂನು ಮಾಡಬಹುದು ಅನ್ನುತ್ತಾರೆ. ಐದಾರು ನ್ಯಾಯಾಧೀಶರು ತಮ್ಮ ಮನಸ್ಸಿನ ಒಲವಿನ ಮೇಲೆ ಒಳ್ಳೆಯ ಕಾನೂನನ್ನು ಕೆಡಿಸಲಾರರು ಅಂತಲೂ ಹೇಳಲಾಗದು ಅನ್ನುತ್ತಾರೆ. ಎರಡು ಅಪಾಯದ ನಡುವೆ ದೋಣಿ ನಡೆಸುವಂಥ ಪರಿಸ್ಥಿತಿ, ಸಭೆಯೇ ತೀರ್ಮಾನ ಮಾಡಲಿ ಅಂತ ಬಿಟ್ಟುಬಿಡುತ್ತಾರೆ. ಕರೀಮುದ್ದೀನ್ ಅವರ ತಿದ್ದುಪಡಿ ಬಿದ್ದುಹೋಯಿತು.

ಅಂಬೇಡ್ಕರ್ ಅವರಿಗೆ ಅದು ಮನಸ್ಸಿನಲ್ಲಿ ಕೊರೆಯುತ್ತಲೇ ಇತ್ತು ಅನ್ನಿಸುತ್ತದೆ. 1949ರ ಸೆಪ್ಟೆಂಬರಿನಲ್ಲಿ ಅವರೇ ಹೊಸ ವಿಧಿಯೊಂದನ್ನು ತಂದರು. ಬಂಧಿಸಿದವರಿಗೆ ಕಾರಣ ಹೇಳಬೇಕು, 24 ಗಂಟೆಯೊಳಗೆ ಮ್ಯಾಜಿಸ್ಟ್ರೇಟರ ಮುಂದೆ ಹಾಜರು ಮಾಡಬೇಕು ಅನ್ನುವುದು. ಇಂದಿನ 22ನೇ ವಿಧಿ. ಅಂದು ನಾವು ಮಾಡಿದ್ದಕ್ಕೆ ಇದು ಒಂದು ಬಗೆಯ ಪರಿಹಾರ ಅನ್ನುವ ಅರ್ಥದ ಮಾತನ್ನು ಅವರೇ ಆಡಿದ್ದಾರೆ. ಪರೀಕ್ಷೆಗೆ ಓದುವ ಗೈಡುಗಳಲ್ಲಿ 21 ಮತ್ತು 22 ಒಂದರ ಕೆಳಗೊಂದು ಎರಡು ಬಾಕ್ಸುಗಳಾಗಿ ಬರುತ್ತವೆ. ಎರಡನೆಯದು ಮೊದಲನೆಯದರ ಬಗೆಗಿನ ಸಂಕಟದಿಂದ ಹುಟ್ಟಿದ್ದು ಅಂತ ಅಲ್ಲಿ ಗೊತ್ತಾಗುವುದೇ ಇಲ್ಲ.

ಇನ್ನು ಗೋಪಾಲನ್ ಕೇಸಿಗೆ ವಾಪಸು ಬರುತ್ತೇನೆ. ಸುಪ್ರೀಂ ಕೋರ್ಟಿನಲ್ಲಿ ಗೋಪಾಲನ್ ಪರ ವಾದ ಮಾಡಿದವರು ಎಂ.ಕೆ. ನಂಬಿಯಾರ್. ಮದ್ರಾಸಿಗೆ ಹೋಗುವ ಮೊದಲು ಅವರೂ ಮಂಗಳೂರಿನಲ್ಲಿ ವಕೀಲಿ ಮಾಡಿದವರು. ಡ್ಯೂ ಪ್ರೊಸೆಸ್ ತೆಗೆಸಿದ ರಾವ್ ಹುಟ್ಟಿದ ಊರು, ಅದರ ಸತ್ವವನ್ನು ವಾಪಸು ತರಲು ಹೋರಾಡಿದ ನಂಬಿಯಾರ್ ವಕೀಲಿ ಮಾಡಿದ ಊರು, ಎರಡೂ ಒಂದೇ. ಮಂಗಳೂರಿಗೆ ಹೋದಾಗಲೆಲ್ಲ ನನಗೆ ಇದು ನೆನಪಾಗುತ್ತದೆ. ನಂಬಿಯಾರ್ ಸೋತರು. ಅವರ ವಾದ ಹಿಡಿಸಿದ್ದು ಫಜಲ್ ಅಲಿ ಅವರಿಗೆ ಮಾತ್ರ. ತೀರ್ಪಿನ ಪುಸ್ತಕದಲ್ಲಿ ಅದು ಬೆಚ್ಚಗೆ ಕೂತಿತು, ಯಾರೂ ಗೆರೆ ಎಳೆಯದೆ.

ಇಪ್ಪತ್ತು ವರ್ಷ ಹಾಗೇ ಇತ್ತು. 1969ರ ಜುಲೈ 19ಕ್ಕೆ 14 ಬ್ಯಾಂಕುಗಳ ರಾಷ್ಟ್ರೀಕರಣವಾಯಿತಲ್ಲ, ನಮ್ಮ ಕೆನರಾ, ಸಿಂಡಿಕೇಟ್ ಬ್ಯಾಂಕುಗಳೂ ಸೇರಿ, ಅದರ ವಿರುದ್ಧದ ಕೇಸಿನಲ್ಲಿ 1970ರಲ್ಲಿ 11 ನ್ಯಾಯಾಧೀಶರ ಪೀಠ ಕೂತಿತು. ಹಕ್ಕುಗಳನ್ನು ಬೇರೆ ಬೇರೆ ಡಬ್ಬದಲ್ಲಿಟ್ಟು ಓದುವುದು ತಪ್ಪು ಅಂತ ಅವರು ಹೇಳಿದರು. ಬ್ಯಾಂಕಿನವನಾಗಿ ಆ ಕೇಸಿನ ಹೆಸರನ್ನು ಎಷ್ಟೋ ಸಲ ಕೇಳಿದ್ದೆ. ಫಜಲ್ ಅಲಿ ಅವರ ಮಾತು ಮೊದಲ ಸಲ ಗೆದ್ದದ್ದು ನಮ್ಮ ಬ್ಯಾಂಕುಗಳ ಕೇಸಿನಲ್ಲಿ ಅಂತ ಗೊತ್ತಿರಲಿಲ್ಲ.

ಆಮೇಲೆ ತುರ್ತುಪರಿಸ್ಥಿತಿ. ಬೆಂಗಳೂರಿಗೆ ಸಂಸದೀಯ ಸಮಿತಿಯ ಕೆಲಸಕ್ಕೆ ಬಂದಿದ್ದ ವಾಜಪೇಯಿ, ಅಡ್ವಾಣಿ, ಮಧು ದಂಡವತೆ, ಎಸ್.ಎನ್. ಮಿಶ್ರಾ ಅವರನ್ನು ಇಲ್ಲೇ ಬಂಧಿಸಿ ಜೈಲಿಗೆ ಹಾಕಿದ್ದರು. ಅವರು ಕರ್ನಾಟಕ ಹೈಕೋರ್ಟಿಗೆ ಹೋದರು. ಹೀಗೆ ದೇಶದ ಹಲವು ಹೈಕೋರ್ಟುಗಳು, ಬಂಧಿತರ ಅರ್ಜಿ ಕೇಳುವ ಅಧಿಕಾರ ನಮಗಿದೆ ಅಂದವು. ಸರ್ಕಾರ ಸುಪ್ರೀಂ ಕೋರ್ಟಿಗೆ ಹೋಯಿತು. 1976ರ ಏಪ್ರಿಲ್ 28ರಂದು ಐವರಲ್ಲಿ ನಾಲ್ವರು, ತುರ್ತುಪರಿಸ್ಥಿತಿ ಇರುವ ತನಕ ಬಂಧಿತರು ಕೋರ್ಟಿನ ಬಾಗಿಲು ತಟ್ಟುವಂತಿಲ್ಲ ಅಂದರು. ಒಬ್ಬರೇ ಒಬ್ಬರು, ಎಚ್.ಆರ್. ಖನ್ನಾ, ಒಪ್ಪಲಿಲ್ಲ. ವಿಚಾರಣೆಯ ವೇಳೆ ಅವರು ಅಟಾರ್ನಿ ಜನರಲ್‌ಗೆ ಕೇಳಿದ ಪ್ರಶ್ನೆ ಬಹಳ ಪುಸ್ತಕಗಳಲ್ಲಿ ದಾಖಲಾಗಿದೆ: ಪೊಲೀಸಿನವನೊಬ್ಬ ಸ್ವಂತ ದ್ವೇಷಕ್ಕೆ ಒಬ್ಬನನ್ನು ಕೊಂದರೆ ಆಗಲೂ ಪರಿಹಾರವಿಲ್ಲವೇ? ನಮ್ಮ ವಾದದ ಪ್ರಕಾರ ಇಲ್ಲ ಅನ್ನುವ ಉತ್ತರ ಬಂತು. ಮುಂದಿನ ಜನವರಿಯಲ್ಲಿ ಮುಖ್ಯ ನ್ಯಾಯಮೂರ್ತಿ ಹುದ್ದೆ ಖನ್ನಾ ಅವರನ್ನು ಬಿಟ್ಟು ಅವರಿಗಿಂತ ಕಿರಿಯರಿಗೆ ಹೋಯಿತು. ಅವರು ರಾಜೀನಾಮೆ ಕೊಟ್ಟರು. 1978ರಲ್ಲಿ, ಮೇನಕಾ ಗಾಂಧಿ ಅವರ ಪಾಸ್‌ಪೋರ್ಟ್ ಕೇಸಿನಲ್ಲಿ, ಕಾನೂನಿನ ಕ್ರಮ ನ್ಯಾಯವೂ ಸಮಂಜಸವೂ ಆಗಿರಲೇಬೇಕು ಅಂತ ಸುಪ್ರೀಂ ಕೋರ್ಟ್ ಹೇಳಿತು. ಮೂವತ್ತು ವರ್ಷದ ಹಿಂದೆ ಬಿದ್ದುಹೋದ ಕರೀಮುದ್ದೀನರ ತಿದ್ದುಪಡಿ ಹೆಚ್ಚುಕಡಿಮೆ ಅದೇ ಅಲ್ವಾ.

ಸೋತ ಮಾತುಗಳನ್ನು ಹೀಗೆ ಹಿಂಬಾಲಿಸುವುದು ಒಮ್ಮೆ ರೂಢಿಯಾದರೆ ಎಲ್ಲ ಕಡೆ ಕಾಣಿಸತೊಡಗುತ್ತವೆ. ಕೆ.ಟಿ. ಶಾ 1948ರ ನವೆಂಬರ್ 15ರಂದು ಸಂವಿಧಾನದ ಮೊದಲ ವಿಧಿಯಲ್ಲೇ ಜಾತ್ಯತೀತ, ಸಮಾಜವಾದಿ ಅನ್ನುವ ಪದಗಳು ಇರಲಿ ಅಂದರು. ತಿರಸ್ಕೃತವಾಯಿತು. 1976ರಲ್ಲಿ ಆ ಎರಡು ಪದಗಳು ಪ್ರಸ್ತಾವನೆಗೆ ಬಂದವು. ಹಳ್ಳಿಯನ್ನು ಮೂಲವಾಗಿಟ್ಟುಕೊಳ್ಳಬೇಕಿತ್ತು ಅಂದ ಗಾಂಧಿವಾದಿಗಳಿಗೆ ಸಿಕ್ಕಿದ್ದು ಪಂಚಾಯಿತಿಗಳ ಬಗೆಗಿನ 40ನೇ ವಿಧಿ ಮಾತ್ರ, ಅದೂ ಕೋರ್ಟಿನಲ್ಲಿ ಕೇಳಲಾಗದ ನಿರ್ದೇಶಕ ತತ್ವ. ಅದಕ್ಕೆ ಜೀವ ಬರಲು ಕರ್ನಾಟಕದ 1983ರ ಕಾಯ್ದೆ, ಆಗಿನ ಪಂಚಾಯತ್ ರಾಜ್ ಮಂತ್ರಿ ನಜೀರ್ ಸಾಬರ ಹಟ, ಆಮೇಲೆ 73ನೇ ತಿದ್ದುಪಡಿ ಬೇಕಾಯಿತು.

ನಮ್ಮ ಕೆಂಗಲ್ ಹನುಮಂತಯ್ಯನವರದ್ದೂ ಇದೇ ಸಾಲಿನ ಭಾಷಣ. ಮೈಸೂರಿನ ಪ್ರತಿನಿಧಿಯಾಗಿ ರಚನಾ ಸಭೆಯಲ್ಲಿದ್ದ ಅವರು 1949ರ ನವೆಂಬರ್ 17ರಂದು, ಎಲ್ಲರೂ ಸಂತೋಷದಿಂದ ಮುಗಿತಾಯದ ಮಾತಾಡುತ್ತಿದ್ದಾಗ, ನಮಗೆ ಬೇಕಿದ್ದದ್ದು ವೀಣೆಯ ಇಲ್ಲವೇ ಸಿತಾರಿನ ಸಂಗೀತ, ಸಿಕ್ಕಿದ್ದು ಇಂಗ್ಲಿಷ್ ಬ್ಯಾಂಡಿನ ಸಂಗೀತ ಅಂದರು. ನಾನು ಆ ಮಾತನ್ನು ಪೂರ್ತಿ ಒಪ್ಪುವುದಿಲ್ಲ. ಬ್ಯಾಂಡಿನ ವಾದ್ಯಗಳನ್ನೇ ಹಿಡಿದು ನಮ್ಮ ಜನ ತಮ್ಮ ರಾಗ ನುಡಿಸಿದರು ಅಂತ ನನ್ನ ನಂಬಿಕೆ. ರೋಹಿತ್ ದೇ ಅವರ 2018ರ ಪುಸ್ತಕ ಓದಿದ ಮೇಲೆ ಅದು ಇನ್ನೂ ಗಟ್ಟಿಯಾಯಿತು. ಸಂವಿಧಾನ ಬಂದ ಮೊದಲ ವರ್ಷಗಳಲ್ಲೇ ಕೋರ್ಟಿಗೆ ಹೋದವರು ಯಾರು ಅಂತ ಅವರು ಕಡತ ತೆಗೆದು ನೋಡಿದ್ದಾರೆ. ತರಕಾರಿ ವ್ಯಾಪಾರಿ, ಕಸಾಯಿ ಕೆಲಸದವರು, ಅಲಹಾಬಾದಿನಲ್ಲಿ ಹುಸ್ನಾ ಬಾಯಿ ಅನ್ನುವ ವೇಶ್ಯೆ. ತನ್ನ ಜೀವನೋಪಾಯ ತನ್ನ ಹಕ್ಕು ಅಂತ ಆಕೆ 1958ರಲ್ಲಿ ಹೈಕೋರ್ಟಿನ ಮುಂದೆ ನಿಂತಳು. ಆದರೂ ಹನುಮಂತಯ್ಯನವರು ಆ ದಿನ ಸುಮ್ಮನಿರದೆ ಹೇಳಿದರಲ್ಲ, ಅದು ನನಗೆ ಮುಖ್ಯ. ಮುಂದೆ ಮುಖ್ಯಮಂತ್ರಿಯಾಗಿ ಅವರು ಕಟ್ಟಿಸಿದ ವಿಧಾನಸೌಧದ ಮುಂದೆ ನಿಂತಾಗ, ಆ ಕಲ್ಲಿನ ಕಂಬ, ಗೋಪುರಗಳನ್ನು ನೋಡಿದಾಗ, ಅದೇ ಭಾಷಣ ಮುಂದುವರಿದ ಹಾಗೆ ಕಾಣುತ್ತದೆ.

ಸೋತವರು ಮಾತ್ರವಲ್ಲ, ಮನಸ್ಸು ಬದಲಿಸಿದವರೂ ಇದ್ದಾರೆ. ಸಂವಿಧಾನದ ಕಾನೂನಿನ ಮೇಲೆ ಎಚ್.ಎಂ. ಸೀರವಾಯಿ ಬರೆದ ಗ್ರಂಥ ವಕೀಲರ ಮನೆಯಲ್ಲಿ ದೇವರ ಹಾಗೆ. ಅವರು ಕೇಶವಾನಂದ ಭಾರತಿ ಕೇಸಿನಲ್ಲಿ ಎಡನೀರು ಮಠದ ಸ್ವಾಮೀಜಿಯ ಎದುರು, ಕೇರಳ ಸರ್ಕಾರದ ಪರ ವಾದಿಸಿದವರು. ಸಂವಿಧಾನ ತಿದ್ದುವ ಸಂಸತ್ತಿನ ಅಧಿಕಾರಕ್ಕೆ ಮಿತಿ ಇಲ್ಲ ಅಂತ. 1973ರ ಏಪ್ರಿಲ್ 24ರಂದು 7-6ರಲ್ಲಿ ಮಿತಿ ಇದೆ ಅಂತಲೇ ತೀರ್ಪಾಯಿತು. ತುರ್ತುಪರಿಸ್ಥಿತಿ ನೋಡಿದ ಮೇಲೆ ಸೀರವಾಯಿ ತಮ್ಮ ಗ್ರಂಥದ ಮುಂದಿನ ಆವೃತ್ತಿಯಲ್ಲಿ ಆ ತೀರ್ಪನ್ನು ಒಪ್ಪಿ ಬರೆದರು. ತಾವೇ ವಾದಿಸಿದ ಮಾತನ್ನು ತಮ್ಮ ಪುಸ್ತಕದಲ್ಲೇ ತಿದ್ದುವುದು ದೊಡ್ಡ ಮನಸ್ಸಿನ ಕೆಲಸ. ಹಳೇ ಆವೃತ್ತಿ, ಹೊಸ ಆವೃತ್ತಿ ಎರಡನ್ನೂ ಪಕ್ಕಪಕ್ಕ ಇಟ್ಟು ಓದಬೇಕು ಅನ್ನಿಸುವ ಪುಸ್ತಕಗಳು ಬಹಳ ಇಲ್ಲ.

2017ರ ಆಗಸ್ಟ್ 24ರಂದು ನಾನು ಬ್ಯಾಂಕಿನಲ್ಲಿದ್ದೆ. ಊಟದ ಹೊತ್ತಿಗೆ ಮೊಬೈಲಿನಲ್ಲಿ ಸುದ್ದಿ ನೋಡಿದೆ. ನಮ್ಮ ಹೈಕೋರ್ಟಿನ ನಿವೃತ್ತ ನ್ಯಾಯಮೂರ್ತಿ ಕೆ.ಎಸ್. ಪುಟ್ಟಸ್ವಾಮಿ 2012ರಲ್ಲಿ, ತಮ್ಮ 86ನೇ ವಯಸ್ಸಿನಲ್ಲಿ, ಆಧಾರ್ ವಿರುದ್ಧ ಹಾಕಿದ್ದ ಅರ್ಜಿಯಿಂದ ಹುಟ್ಟಿದ ಪ್ರಶ್ನೆಗೆ ಉತ್ತರ ಬಂದಿತ್ತು. ಖಾಸಗಿತನ ಮೂಲಭೂತ ಹಕ್ಕು ಅಂತ ಒಂಬತ್ತೂ ನ್ಯಾಯಾಧೀಶರು ಒಕ್ಕೊರಲಿನಿಂದ ಹೇಳಿದ್ದರು. ರಾತ್ರಿ ಮನೆಗೆ ಬಂದು ತೀರ್ಪು ತೆರೆದೆ. ನ್ಯಾಯಮೂರ್ತಿ ನಾರಿಮನ್ ಅವರ ಭಾಗದಲ್ಲಿ ಮೂರು ಮಹಾ ಭಿನ್ನ ತೀರ್ಪುಗಳು ಅಂತ ಹೆಸರಿಸಿದ್ದಾರೆ. ಗೋಪಾಲನ್ ಕೇಸಿನ ಫಜಲ್ ಅಲಿ, ಪೊಲೀಸ್ ಕಣ್ಗಾವಲಿನ ಖರಕ್ ಸಿಂಗ್ ಕೇಸಿನ ಸುಬ್ಬರಾವ್, ತುರ್ತುಪರಿಸ್ಥಿತಿಯ ಖನ್ನಾ. 1976ರ ಆ ನಾಲ್ವರ ತೀರ್ಪನ್ನು ಅಂದು ಅಧಿಕೃತವಾಗಿ ತಳ್ಳಿಹಾಕಲಾಯಿತು. ಆ ನಾಲ್ವರಲ್ಲಿ ಒಬ್ಬರಾದ ವೈ.ವಿ. ಚಂದ್ರಚೂಡ್ ಅವರ ಮಗ ಡಿ.ವೈ. ಚಂದ್ರಚೂಡ್ ಅವರೇ ತಂದೆಯ ತೀರ್ಪು ತಪ್ಪು ಅಂತ ಬರೆದರು.

ಎದ್ದು ಹೋಗಿ ಬೀರುವಿನಿಂದ ದೊಡ್ಡಪ್ಪನ ಸಂಪುಟ ತೆಗೆದೆ. ಆ ಪುಟಗಳು ಹಾಗೇ ಇದ್ದವು. ಅಂಚಿನ ಕಡೆ ಸ್ವಲ್ಪ ಹಳದಿಯಾಗಿತ್ತು, ಅಷ್ಟೇ. ದೊಡ್ಡಪ್ಪ ಇದ್ದಿದ್ದರೆ ಫೋನ್ ಮಾಡಿ ಹೇಳುತ್ತಿದ್ದೆ.

ಆಧಾರ್ ಕೇಸು ಅಲ್ಲಿಗೆ ಮುಗಿಯಲಿಲ್ಲ. 2018ರ ಸೆಪ್ಟೆಂಬರ್ 26ರಂದು ಐವರ ಪೀಠದಲ್ಲಿ ನಾಲ್ವರು ಆಧಾರ್ ಕಾಯ್ದೆಯ ಹೆಚ್ಚಿನ ಭಾಗವನ್ನು ಎತ್ತಿಹಿಡಿದರು. ಪುಟ್ಟಸ್ವಾಮಿ ಅವರು ಎತ್ತಿದ ಮೂಲ ಪ್ರಶ್ನೆ ಸೋತಿತು. ಒಪ್ಪದಿದ್ದವರು ನ್ಯಾಯಮೂರ್ತಿ ಡಿ.ವೈ. ಚಂದ್ರಚೂಡ್ ಒಬ್ಬರೇ. ಕಾಯ್ದೆಯನ್ನು ರಾಜ್ಯಸಭೆ ತಡೆಯಲಾಗದ ಹಣಕಾಸು ಮಸೂದೆ (ಮನಿ ಬಿಲ್) ಅಂತ ಪಾಸು ಮಾಡಿದ್ದು ಸಂವಿಧಾನಕ್ಕೆ ಮಾಡಿದ ಮೋಸ ಅಂತ ಬರೆದರು. 2019ರ ನವೆಂಬರಿನಲ್ಲಿ ಬೇರೊಂದು ಕೇಸಿನಲ್ಲಿ ಇನ್ನೊಂದು ಐವರ ಪೀಠ, ಹಣಕಾಸು ಮಸೂದೆಯ ಬಗ್ಗೆ ಆ ನಾಲ್ವರು ಹೇಳಿದ್ದು ಸರಿಯೇ ಅಂತ ಇನ್ನೂ ದೊಡ್ಡ ಪೀಠ ನೋಡಲಿ ಅಂದಿತು.

ಆ ಭಿನ್ನ ತೀರ್ಪನ್ನು ನಾನು ಪ್ರಿಂಟ್ ತೆಗೆಸಿ ಸ್ಪೈರಲ್ ಬೈಂಡಿಂಗ್ ಹಾಕಿಸಿದ್ದೇನೆ. ಜೆರಾಕ್ಸ್ ಅಂಗಡಿಯ ಹುಡುಗ ಎರಡು ಭಾಗ ಮಾಡಿಕೊಟ್ಟ, ಒಂದರಲ್ಲಿ ಹಿಡಿಸಲಿಲ್ಲ. ಬೆಳಿಗ್ಗೆ ಬಸ್ಸಿನಲ್ಲಿ ಸೀಟು ಸಿಕ್ಕ ದಿನ ನಾಲ್ಕೈದು ಪುಟ ಓದುತ್ತೇನೆ, ಪೆನ್ಸಿಲ್ ಕೈಯಲ್ಲಿ ಹಿಡಿದುಕೊಂಡು. ಮೊದಲ ಭಾಗ ಇನ್ನೂ ಮುಗಿದಿಲ್ಲ.